ಕ್ರೀ ಜನರ ಕಾಡಿನಲ್ಲಿ ಪ್ರಾಣಿಗಳು ಖಾಲಿಯಾಗಲಿಲ್ವಾ?

ಓದುಗರ ಪ್ರಶ್ನೆ: ಉತ್ತರ ಕೆನಡಾದ ಕ್ರೀ ಜನ ತಲೆತಲಾಂತರದಿಂದ ಬೇಟೆಯಾಡಿಕೊಂಡೇ ಬದುಕಿದ್ದಾರೆ ಅಂತಾರೆ. ಹಾಗಾದರೆ ಅಲ್ಲಿ ಪ್ರಾಣಿಗಳು ಖಾಲಿಯಾಗಲಿಲ್ವಾ?

ಉತ್ತರ: ಒಮ್ಮೆ ಆ ಗತಿ ಬಂದಿತ್ತು, 1920ರ ದಶಕದಲ್ಲಿ. ಹೊಳೆಗೆ ಅಣೆ ಕಟ್ಟಿ ಬದುಕುವ ಬೀವರ್ ಎಂಬ ಪ್ರಾಣಿಯ ತುಪ್ಪಳಕ್ಕೆ ಆಗ ಒಳ್ಳೆ ಬೆಲೆ. ಹೊರಗಿನವರು ಕ್ರೀ ಜನರಿರುವ ಜೇಮ್ಸ್ ಕೊಲ್ಲಿಯ ಸುತ್ತಲಿನ ಕಾಡಿಗೆ ನುಗ್ಗಿ, ಸಿಕ್ಕಷ್ಟು ಹಿಡಿದು ಮುಂದೆ ಹೋದರು. ಅದೇ ಹೊಳೆಗೆ ಮತ್ತೆ ಬರಬೇಕಾದವರು ಹಾಗೆ ಮಾಡುತ್ತಾರಾ? 1930ರ ದಶಕದಲ್ಲಿ ರೂಪರ್ಟ್ ಹೌಸ್ ಸುತ್ತ, ಅಂದರೆ ಈಗಿನ ವಾಸ್ಕಗಾನಿಶ್ ಕಡೆ, ಬೀವರ್ ಹಿಡಿಯುವುದನ್ನೇ ಕೆಲವು ವರ್ಷ ನಿಲ್ಲಿಸಿದರು. ಕ್ರೀ ಬೇಟೆಗಾರರೇ ಗೂಡುಗಳನ್ನು ಎಣಿಸಿ ಕಾವಲು ಕಾದರು. ಬೀವರ್ ಮತ್ತೆ ಹೆಚ್ಚಿತು.

ಎಣಿಸಿ ಹಿಡಿಯುವುದು ಅವರಿಗೆ ಹೊಸದೇನಲ್ಲ. ಒಂದೊಂದು ಬೇಟೆ ನೆಲವನ್ನು ಒಬ್ಬ ಹಿರಿಯ ನೋಡಿಕೊಳ್ಳುತ್ತಾನೆ. ಈ ಚಳಿಗಾಲ ಎಲ್ಲಿ ಬಲೆ, ಎಷ್ಟು ಪ್ರಾಣಿ, ಯಾರು ಬರಬಹುದು ಎಂದು ಹೇಳುವವನು ಅವನೇ. ಒಂದು ಕಡೆ ಹಿಡಿದರೆ ಆ ಜಾಗವನ್ನು ಕೆಲವು ವರ್ಷ ಸುಮ್ನೆ ಬಿಡುತ್ತಾರೆ, ಹೊಲ ಬೀಳು ಬಿಟ್ಟ ಹಾಗೆ.

ನನಗೆ ತುಂಬಾ ಇಷ್ಟವಾದದ್ದು ಹೆಬ್ಬಾತಿನ ಬೇಟೆಯ ಕ್ರಮ. ವಸಂತದಲ್ಲಿ ಹೆಬ್ಬಾತುಗಳು ಬರುವ ಹೊತ್ತಿಗೆ ಕ್ರೀ ಊರುಗಳಲ್ಲಿ ಶಾಲೆಗೂ ರಜೆ. ಮಕ್ಕಳು, ಅಜ್ಜ, ಅಜ್ಜಿ ಎಲ್ಲರೂ ಬಿಡಾರಕ್ಕೆ ಹೊರಡುತ್ತಾರೆ. ಆದರೆ ಗಾಳಿ ಬೀಸದ ದಿನ ಕೋವಿ ಎತ್ತುವಂತಿಲ್ಲ. ಸದ್ದು ದೂರ ಹೋಗಿ ಹಿಂಡುಗಳೆಲ್ಲ ಬೆದರುತ್ತವೆ. ಕತ್ತಲಾದ ಮೇಲೂ ಹೊಡೆಯಬಾರದು. ಬೆದರಿದ ಹಕ್ಕಿ ಆ ಜಾಗಕ್ಕೆ ಮತ್ತೆ ಇಳಿಯುವುದು ಕಷ್ಟ, ಅಲ್ವಾ?

ಪ್ರಾಣಿ ತಾನಾಗಿ ಬೇಟೆಗಾರನಿಗೆ ಒಲಿಯುತ್ತದೆ ಎಂಬುದು ಅವರ ನಂಬಿಕೆ. ಅದಕ್ಕೇ ಬೀವರ್ ಮೂಳೆಯನ್ನು ನಾಯಿಗೆ ಎಸೆಯುವುದಿಲ್ಲ, ನೀರಿಗೆ ಮರಳಿಸುತ್ತಾರೆ. ಕರಡಿಯ ತಲೆಬುರುಡೆಯನ್ನು ಮರಕ್ಕೆ ಕಟ್ಟುತ್ತಾರೆ. ಅಗೌರವ ತೋರಿದವನಿಗೆ ಮುಂದೆ ಬೇಟೆ ಸಿಗದು.

ದೊಡ್ಡ ಪೆಟ್ಟು ಬಿದ್ದದ್ದು ಬೇರೆ ಕಡೆಯಿಂದ. 1971ರಲ್ಲಿ ಕೆನಡಾದ ಕ್ವಿಬೆಕ್ ಪ್ರಾಂತ್ಯದ ಸರ್ಕಾರ ಜೇಮ್ಸ್ ಕೊಲ್ಲಿ ಜಲವಿದ್ಯುತ್ ಯೋಜನೆ ಘೋಷಿಸಿತು. ಕ್ರೀ ಜನರನ್ನು ಒಂದು ಮಾತೂ ಕೇಳಿರಲಿಲ್ಲ. ಅವರು ಕೋರ್ಟಿಗೆ ಹೋದರು. ಸರ್ಕಾರದ ಜೊತೆಗಿನ 1975ರ ಒಪ್ಪಂದದಿಂದ ಬೇಟೆಯ ಹಕ್ಕು ಸಿಕ್ಕಿತು, ಕಾಡಿನಲ್ಲಿ ಕಳೆದ ದಿನಗಳ ಲೆಕ್ಕದಲ್ಲಿ ಬೇಟೆಗಾರರಿಗೆ ಹಣವೂ ಬರತೊಡಗಿತು. ಆದರೆ ಎಷ್ಟೋ ಬೇಟೆ ನೆಲ ನೀರಿನಡಿ ಹೋಯಿತು. ಮುಳುಗಿದ ಗಿಡಮರ, ಮಣ್ಣು ಕೊಳೆತು ಜಲಾಶಯದ ಮೀನುಗಳಲ್ಲಿ ಪಾದರಸ ಜಾಸ್ತಿಯಾಯಿತು. ಅಜ್ಜನ ಕಾಲದಿಂದ ತಿನ್ನುತ್ತಿದ್ದ ಮೀನನ್ನು ಕಡಿಮೆ ತಿನ್ನಿ ಎಂದು ಆಮೇಲೆ ಅವರಿಗೇ ಹೇಳಬೇಕಾಯಿತು.