ವಯಸ್ಕರ ಚಿತ್ರಗಳಿಗೆ ಮುರಿದ ದಾಂಪತ್ಯದ ಕಥೆಯೇ ಏಕೆ ಬೇಕು?

ಪ್ರಶ್ನೆ: ಕಾಮದೃಶ್ಯಗಳನ್ನೇ ನೆಚ್ಚಿಕೊಂಡ ಚಿತ್ರಗಳಲ್ಲಿಯೂ ಪ್ರೇಮ, ದಾಂಪತ್ಯದ ಬಿರುಕು, ಅಕ್ರಮ ಸಂಬಂಧ ಎಂದೆಲ್ಲ ಕಥೆ ಹೆಣೆಯುವುದೇಕೆ? ನೋಡುವವರಿಗೆ ನಿಜಕ್ಕೂ ಕಥೆ ಬೇಕೇ?

ಉತ್ತರ: ಕಥೆ ಬೇಕಾಗಿರುವುದು ನೋಡುಗನಿಗಿಂತ ಮೊದಲು ತಯಾರಕನಿಗೆ. ಜಪಾನಿನ ನಿಕ್ಕತ್ಸು ಸಂಸ್ಥೆಯ ಚರಿತ್ರೆಯಲ್ಲಿ ಇದು ಸ್ಪಷ್ಟವಾಗಿ ಕಾಣುತ್ತದೆ. 1912ರಲ್ಲಿ ಸ್ಥಾಪನೆಯಾದ ಈ ಸ್ಟುಡಿಯೊ, ಟೆಲಿವಿಷನ್ ಮನೆಮನೆಗೆ ಬಂದು ಚಿತ್ರಮಂದಿರಗಳು ಖಾಲಿಯಾಗತೊಡಗಿದಾಗ ನಷ್ಟ ತಾಳಲಾರದೆ, 1971ರ ನವೆಂಬರಿನಲ್ಲಿ ‘ರೋಮನ್ ಪೋರ್ನೊ’ ಎಂಬ ಹೆಸರಿನ ವಯಸ್ಕರ ಚಿತ್ರಗಳನ್ನು ಬಿಡುಗಡೆ ಮಾಡಲು ಆರಂಭಿಸಿ, 1988ರವರೆಗೂ ಅದನ್ನೇ ನಂಬಿ ಬದುಕಿತು. ನಿರ್ದೇಶಕರಿಗೆ ವಿಧಿಸಿದ್ದ ಷರತ್ತುಗಳು ಕೆಲವೇ: ಚಿತ್ರ ಸುಮಾರು 70 ನಿಮಿಷದ್ದಾಗಿರಬೇಕು, ಖರ್ಚು ಕಡಿಮೆಯಿರಬೇಕು, ಹೆಚ್ಚುಕಡಿಮೆ ಹತ್ತು ನಿಮಿಷಕ್ಕೊಂದು ಕಾಮದೃಶ್ಯ ಬರಬೇಕು. ಇಷ್ಟು ಪಾಲಿಸಿದರೆ ಉಳಿದದ್ದು ಅವರಿಗೇ ಬಿಟ್ಟದ್ದು.

ಈ ಲೆಕ್ಕಾಚಾರದೊಳಗೆ ನೆಮ್ಮದಿಯ ಸಂಸಾರದ ಕಥೆ ಹೆಚ್ಚು ದೂರ ಸಾಗದು. ತೃಪ್ತರಾದ ಗಂಡಹೆಂಡಿರ ನಡುವೆ ಮುಂದಿನ ದೃಶ್ಯಕ್ಕೆ ಕಾರಣವೇ ಹುಟ್ಟುವುದಿಲ್ಲ. ಮುರಿಯುತ್ತಿರುವ ಸಂಸಾರದಲ್ಲಾದರೆ ಒಂಟಿತನ, ಅನುಮಾನ, ಸೇಡು, ಬ್ಲ್ಯಾಕ್‌ಮೇಲ್ ಇವೆಲ್ಲವೂ ಒಂದರ ಬೆನ್ನಿಗೊಂದು ಹೊಸ ಪಾತ್ರವನ್ನು ಬಾಗಿಲಿಗೆ ತಂದು ನಿಲ್ಲಿಸುತ್ತವೆ. ಸರಣಿಯ ಮೊದಲ ಚಿತ್ರಗಳಲ್ಲೊಂದರ ನಾಯಕಿ, ‘ದಾಂಚಿ’ ಎಂದು ಕರೆಯಲಾಗುವ ಸಾಲುಸಾಲು ವಸತಿ ಸಮುಚ್ಚಯವೊಂದರಲ್ಲಿ ಹಗಲೆಲ್ಲ ಒಬ್ಬಳೇ ಉಳಿಯುವ ಗೃಹಿಣಿ. ನಗರದ ಮಧ್ಯಮವರ್ಗಕ್ಕೆ ಆ ಕೋಣೆಗಳೂ, ಕಚೇರಿಯಿಂದ ತಡರಾತ್ರಿ ದಣಿದು ಬರುವ ಗಂಡನೂ ಚಿರಪರಿಚಿತವಾಗಿದ್ದುದರಿಂದ ಕಥೆಯನ್ನು ನಂಬಿಸಲು ಹೆಚ್ಚು ಶ್ರಮ ಬೇಕಾಗಲಿಲ್ಲ. ಚಿತ್ರ ಗೆದ್ದು, ‘ದಾಂಚಿಯ ಹೆಂಡತಿ’ಯ ಮೇಲೆಯೇ ಹಲವು ಚಿತ್ರಗಳು ಬಂದವು. ಆದರೆ ಇಂತಹ ಕಥೆಗಳಿಗೆ ದಾಂಪತ್ಯದ ಬಿರುಕು ಸಾಮಾನ್ಯವಾಗಿ ಆರಂಭಕ್ಕೆ ಮಾತ್ರ ಬೇಕು. ವಿಚ್ಛೇದನದ ಕಾಗದಪತ್ರ, ಮಕ್ಕಳು ಯಾರ ಬಳಿ ಇರಬೇಕೆಂಬ ಜಗಳ, ಬಾಡಿಗೆ ಕಟ್ಟುವ ಚಿಂತೆ ಕಾಣುವುದು ಅಪರೂಪ. ಕೆಲವು ನಿರ್ದೇಶಕರು ಆ ಎಪ್ಪತ್ತು ನಿಮಿಷಗಳಲ್ಲಿಯೇ ಹೆಣ್ಣಿನ ಒಂಟಿತನವನ್ನು ಗಂಭೀರವಾಗಿ ಚಿತ್ರಿಸಿದ್ದೂ ಉಂಟು. ಅವರನ್ನು ವಿಮರ್ಶಕರು ಮೆಚ್ಚಿದ್ದು ನ್ಯಾಯವೇ.

ಇನ್ನೊಂದು ಕಾರಣ ಕಾನೂನು. ಅಮೆರಿಕದ ಸುಪ್ರೀಂ ಕೋರ್ಟ್ 1973ರ ಮಿಲ್ಲರ್ ಪ್ರಕರಣದಲ್ಲಿ, ಕೃತಿಯನ್ನು ಇಡಿಯಾಗಿ ನೋಡಿದಾಗ ಅದರಲ್ಲಿ ಗಂಭೀರವಾದ ಸಾಹಿತ್ಯಿಕ, ಕಲಾತ್ಮಕ, ರಾಜಕೀಯ ಅಥವಾ ವೈಜ್ಞಾನಿಕ ಮೌಲ್ಯ ಇದೆಯೇ ಎಂಬುದನ್ನೂ ಅಶ್ಲೀಲತೆಯ ಪರೀಕ್ಷೆಯ ಭಾಗವಾಗಿಸಿತು. ಕಥೆಯಿದ್ದರೆ ವಕೀಲರಿಗೆ ವಾದಿಸಲು ಏನಾದರೂ ಸಿಗುತ್ತದೆ. ನಿಕ್ಕತ್ಸುವಿನ ಕೆಲವು ಚಿತ್ರಗಳ ಮೇಲೂ 1972ರಲ್ಲಿ ಪೊಲೀಸರು ಕ್ರಮ ಕೈಗೊಂಡಿದ್ದರು. ದೀರ್ಘ ವಿಚಾರಣೆಯ ಬಳಿಕ 1980ರಲ್ಲಿ ಟೋಕಿಯೊ ಹೈಕೋರ್ಟಿನಲ್ಲಿಯೂ ಆರೋಪಿಗಳು ಖುಲಾಸೆಯಾದರು.

ನೋಡುವವರಿಗೆ ಕಥೆ ಬೇಕೇ ಎಂಬುದಕ್ಕೆ ವಿಡಿಯೊ ಕ್ಯಾಸೆಟ್ ಬಹುಮಟ್ಟಿಗೆ ಉತ್ತರ ಕೊಟ್ಟಿತು. ಮನೆಯಲ್ಲಿ ರಿಮೋಟ್ ಕೈಗೆ ಬಂದಾಗ ಕಥೆಯ ಭಾಗವನ್ನು ಓಡಿಸಿಬಿಡಬಹುದಾಗಿತ್ತು, ಕಥೆಯೇ ಇಲ್ಲದ ಅಗ್ಗದ ವಿಡಿಯೊಗಳೂ ಸಿಗತೊಡಗಿದವು. ಆ ಪೈಪೋಟಿಯಲ್ಲಿ ನಿಕ್ಕತ್ಸುವಿನ ಸರಣಿ ನಿಂತುಹೋಯಿತು. ಭಾರತದ ಕೆಲವು ಒಟಿಟಿ ಆ್ಯಪ್‌ಗಳು ಸಂಸಾರದ ಕಥೆಯ ಹೊದಿಕೆಯನ್ನು ಮತ್ತೆ ಬಳಸಿದವು. 2024ರ ಮಾರ್ಚಿನಲ್ಲಿ ಕೇಂದ್ರ ಸರ್ಕಾರ ಅಂತಹ 18 ವೇದಿಕೆಗಳನ್ನು ನಿರ್ಬಂಧಿಸಿದಾಗ ಕೊಟ್ಟ ಕಾರಣಗಳಲ್ಲಿ, ಅವುಗಳ ದೀರ್ಘ ಲೈಂಗಿಕ ದೃಶ್ಯಗಳಿಗೆ ಕಥಾವಸ್ತುವಿನ ಅಥವಾ ಸಮಾಜದ ಯಾವ ಸಂಬಂಧವೂ ಇಲ್ಲವೆಂಬುದೂ ಒಂದಾಗಿತ್ತು.