ಆಮೆ ಮರಿಯ ಆಹಾರ: ತಿಂದದ್ದು ಚಿಪ್ಪಿಗೆ ಮುಟ್ಟುವ ಬಗೆ

ಆಮೆಯ ಚಿಪ್ಪು ಪಕ್ಕೆಲುಬು ಮತ್ತು ಬೆನ್ನುಮೂಳೆ ಕೂಡಿ ಬೆಳೆದದ್ದು ಎಂದು ಸರೀಸೃಪಗಳ ಪಾಠದಲ್ಲಿ ನಾವೆಲ್ಲ ಬರೆದುಕೊಂಡಿದ್ದೇವೆ. ಆ ಒಂದು ಸಾಲಿನ ಪೂರ್ತಿ ಅರ್ಥ ನನಗೆ ಆದದ್ದು ಹೋದ ಡಿಸೆಂಬರಿನಲ್ಲಿ, ಹುಬ್ಬಳ್ಳಿಯ ವಿದ್ಯಾನಗರದ ಕಾಕಾನ ಮನೆಯಲ್ಲಿ. ಕಾಕಾನ ಮಗ ಬೆಂಕಿಪೊಟ್ಟಣದಷ್ಟು ಉದ್ದದ ಆಮೆ ಮರಿಯನ್ನು ಅಂಗೈಯಲ್ಲಿ ಹಿಡಿದು ಬಂದ. “ಅಕ್ಕಾ, ಇದು ಏನೂ ತಿನ್ನವಲ್ದು. ಕಣ್ಣೂ ತೆರಿಯವಲ್ದು ನೋಡು.” ರೆಪ್ಪೆಗಳು ಅವರೆಕಾಳಿನ ಹಾಗೆ ಊದಿದ್ದವು. ಚಿಪ್ಪಿನ ಅಂಚನ್ನು ಬೆರಳಿನಿಂದ ಮೆಲ್ಲಗೆ ಒತ್ತಿದೆ. ತಂಪು ಹಿಡಿದ ಹಪ್ಪಳದ ಹಾಗೆ ಬಾಗಿತು.

ಏನು ಹಾಕುತ್ತಿದ್ದೆ ಎಂದು ಕೇಳಿದರೆ ಒಂದು ಡಬ್ಬಿ ತಂದು ತೋರಿಸಿದ: ಒಣಗಿಸಿದ ಸಣ್ಣ ಸಿಗಡಿ. ಎರಡು ತಿಂಗಳಿಂದ ಅದೊಂದೇ. “ಅಂಗಡ್ಯಾವ ಇದನ್ನ ಹಾಕು, ಸಾಕು ಅಂದಿದ್ದ.” ಹುಡುಗ ಒಂದು ದಿನವೂ ತಪ್ಪಿಸಿರಲಿಲ್ಲ, ಪ್ರೀತಿಯಿಂದಲೇ ಹಾಕಿದ್ದ. ಮರಿಯ ಹೊಟ್ಟೆ ತುಂಬುತ್ತಿತ್ತು, ಎಲುಬಿಗೆ ಮಾತ್ರ ಏನೂ ಮುಟ್ಟುತ್ತಿರಲಿಲ್ಲ. ಅವತ್ತಿನಿಂದ ಓದಿ, ಪಶುವೈದ್ಯರನ್ನು ಕೇಳಿ, ಆ ಮರಿಯನ್ನು ನೋಡುತ್ತ ಮಾಡಿಕೊಂಡ ಟಿಪ್ಪಣಿ ಇದು. ನನ್ನ ಜೊತೆ ಓದುವವರಿಗೆ ಪಾಠಕ್ಕೂ ಆಗಲಿ, ಮನೆಯಲ್ಲಿ ಮರಿ ಇದ್ದರೆ ಅದಕ್ಕೂ ಆಗಲಿ.

ಮೊದಲು, ಯಾವ ಆಮೆ?

ಪೇಟೆಯಲ್ಲಿ ಸಿಗುವ, ಕಣ್ಣಿನ ಹಿಂದೆ ಕೆಂಪು ಪಟ್ಟಿ ಇರುವ ಹಸಿರು ಮರಿ ರೆಡ್ ಇಯರ್ಡ್ ಸ್ಲೈಡರ್. ವೈಜ್ಞಾನಿಕ ಹೆಸರು ಟ್ರಾಕೆಮಿಸ್ ಸ್ಕ್ರಿಪ್ಟಾ ಎಲಿಗನ್ಸ್. ಮೂಲ ಅಮೆರಿಕದ ಮಿಸಿಸಿಪ್ಪಿ ನದಿಯ ಬಯಲು. ನಾಣ್ಯದಷ್ಟಿದ್ದಾಗ ಮನೆಗೆ ಬರುವ ಹೆಣ್ಣು ಮರಿ ಮುಂದೆ 10-12 ಇಂಚು ಬೆಳೆಯುತ್ತದೆ, ಚೆನ್ನಾಗಿ ನೋಡಿಕೊಂಡರೆ 20 ವರ್ಷ ದಾಟಿ ಬದುಕುತ್ತದೆ. ತರುವ ಮುಂಚೆ ಮನೆಯವರೆಲ್ಲ ಕೂತು ಮಾತಾಡಿಕೊಳ್ಳಬೇಕಾದ ವಿಷಯ ಇದು. ಸಾಕಲಾಗದೆ ಉಣಕಲ್ ಕೆರೆಗೋ ಕೆಲಗೇರಿ ಕೆರೆಗೋ ಬಿಟ್ಟುಬಿಡುವುದು ದೊಡ್ಡ ತಪ್ಪು. ಜಗತ್ತಿನ ಅತಿ ಕೆಟ್ಟ 100 ಆಕ್ರಮಣಕಾರಿ ಜೀವಿಗಳ ಪಟ್ಟಿಯಲ್ಲಿ ಇದೂ ಇದೆ. ನಮ್ಮ ಆಮೆಗಳ ಆಹಾರಕ್ಕೂ ಬಿಸಿಲು ಕಾಯಿಸುವ ಜಾಗಕ್ಕೂ ಇದು ಪೈಪೋಟಿಗೆ ನಿಲ್ಲುತ್ತದೆ.

ಮಳೆಗಾಲದಲ್ಲಿ ಹೊಲದ ಬದುವಿನಲ್ಲೋ ಕೆರೆ ದಂಡೆಯಲ್ಲೋ ಸಿಕ್ಕ ಮರಿ ನಮ್ಮ ನೆಲದ್ದೇ ಇರಬಹುದು. ಹಾಗಿದ್ದರೆ ಈ ಟಿಪ್ಪಣಿಯ ಕೆಲಸವೇ ಇಲ್ಲ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಅವುಗಳನ್ನು ಮನೆಯಲ್ಲಿಟ್ಟುಕೊಳ್ಳಲು ಬಿಡುವುದಿಲ್ಲ. ಅರಣ್ಯ ಇಲಾಖೆಗೆ ತಿಳಿಸಬೇಕು.

ಮರಿಯ ಬಾಯಿ, ಮರಿಯ ಹೊಟ್ಟೆ

ಮೊಟ್ಟೆಯಿಂದ ಹೊರಬಂದಾಗ ಮರಿಯ ಹೊಟ್ಟೆಯೊಳಗೆ ಭಂಡಾರದ, ಅಂದರೆ ಮೊಟ್ಟೆಯ ಹಳದಿ ಭಾಗದ, ಚೀಲ ಇನ್ನೂ ಉಳಿದಿರುತ್ತದೆ. ಅದು ಕರಗುವವರೆಗೆ, ಅಂದರೆ ಮೊದಲ ಕೆಲವು ದಿನ, ಮರಿ ತಿನ್ನದಿದ್ದರೂ ಗಾಬರಿಯಾಗಬೇಕಿಲ್ಲ. ತಿನ್ನಲು ಶುರು ಮಾಡಿದ ಮೇಲೆ ಅದಕ್ಕೆ ಬೇಕಾದದ್ದು ಹೆಚ್ಚಾಗಿ ಪ್ರಾಣಿಜನ್ಯ ಆಹಾರ. ಕಾಡಿನ ಮರಿ ನೀರಿನ ಹುಳ, ಲಾರ್ವಾ, ಸಣ್ಣ ಬಸವನಹುಳ, ಗೊದಮೊಟ್ಟೆ ಹಿಡಿದು ತಿನ್ನುತ್ತದೆ. ದೊಡ್ಡದಾಗುತ್ತ ಹೋದಂತೆ ಸೊಪ್ಪು, ಜಲಸಸ್ಯದ ಪಾಲು ಹೆಚ್ಚುತ್ತದೆ. ಒಂದೇ ಪ್ರಾಣಿ, ಬಾಲ್ಯದಲ್ಲಿ ಬಹುಪಾಲು ಮಾಂಸಾಹಾರಿ, ಪ್ರಾಯದಲ್ಲಿ ಬಹುಪಾಲು ಸಸ್ಯಾಹಾರಿ. ಈ ಒಂದು ಅಂಶದ ಮೇಲೆ ಪ್ರಶ್ನೆ ಬಂದರೆ ಬೆಳವಣಿಗೆಗೆ ಬೇಕಾದ ಪ್ರೋಟೀನ್ ಕಾರಣ ಎಂದು ಬರೆಯಿರಿ.

ಇನ್ನೊಂದು ಮಾತು. ನೀರಾಮೆ ನೀರಿನಲ್ಲೇ ನುಂಗಬೇಕು. ಒಣ ನೆಲದ ಮೇಲೆ ತುತ್ತನ್ನು ಒಳಗೆ ದೂಡಲು ಅದಕ್ಕೆ ಬೇಕಾದಷ್ಟು ಜೊಲ್ಲು ಇಲ್ಲ. ಮರಿ ತುತ್ತನ್ನು ಕಚ್ಚಿ, ಮುಂಗಾಲಿನಿಂದ ಹರಿದು, ನೀರಿನ ಜೊತೆಗೇ ಒಳಗೆಳೆದುಕೊಳ್ಳುವುದನ್ನು ಒಮ್ಮೆ ಹತ್ತಿರದಿಂದ ನೋಡಿ. ಮೇಜಿನ ಮೇಲಿಟ್ಟು ತಿನ್ನಿಸಲು ಮತ್ತೆಂದೂ ಹೋಗುವುದಿಲ್ಲ.

ಸುಣ್ಣದ ಲೆಕ್ಕ

ಈ ಟಿಪ್ಪಣಿಯಲ್ಲಿ ಒಂದೇ ಭಾಗ ಓದುವುದಾದರೆ ಇದನ್ನು ಓದಿ.

ಆಹಾರದಲ್ಲಿ ಕ್ಯಾಲ್ಸಿಯಂ ಮತ್ತು ರಂಜಕದ (ಫಾಸ್ಫರಸ್) ಪ್ರಮಾಣ ಸುಮಾರು 2ಕ್ಕೆ 1 ಇರಬೇಕು. ರಕ್ತದಲ್ಲಿ ಕ್ಯಾಲ್ಸಿಯಂ ಕಡಿಮೆಯಾದರೆ ಪ್ಯಾರಾಥೈರಾಯ್ಡ್ ಗ್ರಂಥಿ ಹಾರ್ಮೋನು ಸುರಿಸುತ್ತದೆ. ಆ ಹಾರ್ಮೋನು ಎಲುಬಿನಿಂದ ಕ್ಯಾಲ್ಸಿಯಂ ಕಿತ್ತು ರಕ್ತಕ್ಕೆ ತುಂಬುತ್ತದೆ. ಹೃದಯ, ಸ್ನಾಯು, ನರ ನಡೆಯಬೇಕಲ್ಲ, ಅದಕ್ಕೆ. ಆಮೆಯಲ್ಲಿ ಎಲುಬು ಅಂದರೆ ಚಿಪ್ಪೂ ಸೇರಿತು. ಹಾಗಾಗಿ ಆಮೆ ತನ್ನ ಮನೆಯ ಗೋಡೆಯ ಇಟ್ಟಿಗೆ ಕಿತ್ತು ಒಲೆಗೆ ಹಾಕಿದಂತೆ. ಚಿಪ್ಪು ಮೆತ್ತಗಾಗುತ್ತದೆ, ಕಾಲು ಸೊಟ್ಟಗಾಗುತ್ತವೆ, ದವಡೆ ಬಲ ಕಳೆದುಕೊಳ್ಳುತ್ತದೆ. ಆಗ ತಾನೇ ಹುಟ್ಟಿದ ಮರಿಯ ಚಿಪ್ಪು ತುಸು ಬಾಗುವುದು ಸಹಜ. ತಿಂಗಳುಗಳು ಕಳೆದರೂ ಬಾಗಿದರೆ ಅದು ರೋಗ.

ಒಂದು ಲೆಕ್ಕ ಮಾಡೋಣ. 10 ಗ್ರಾಂ ಕೋಳಿಯ ಎದೆ ಮಾಂಸದಲ್ಲಿ ರಂಜಕ ಸುಮಾರು 20 ಮಿಲಿಗ್ರಾಂ, ಕ್ಯಾಲ್ಸಿಯಂ ಹೆಚ್ಚೆಂದರೆ 1 ಮಿಲಿಗ್ರಾಂ. 2:1 ಆಗಲು 40 ಮಿಲಿಗ್ರಾಂ ಕ್ಯಾಲ್ಸಿಯಂ ಬೇಕು. ಕೊರತೆ 39. ಕ್ಯಾಲ್ಸಿಯಂ ಕಾರ್ಬೊನೇಟಿನ ತೂಕದಲ್ಲಿ ಕ್ಯಾಲ್ಸಿಯಂ 40 ಪ್ರತಿಶತ. ಅಂದರೆ ಬೇಕಾದದ್ದು ಸುಮಾರು 100 ಮಿಲಿಗ್ರಾಂ ಪುಡಿ, ಒಂದು ಸಣ್ಣ ಚಿಟಿಕೆ. ಆ ಒಂದು ಚಿಟಿಕೆ ಇಲ್ಲದೆ ದಿನಾ ಕೋಳಿ ಮಾಂಸ ಹಾಕಿದರೆ ಮರಿ ದುಂಡಗೆ ಕಾಣುತ್ತಲೇ ಒಳಗಿನಿಂದ ಸವೆಯುತ್ತದೆ.

ಈ ಪುಡಿಯನ್ನು ದುಬಾರಿ ಡಬ್ಬಿಯಲ್ಲೇ ಕೊಳ್ಳಬೇಕೆಂದಿಲ್ಲ. ಗಿಡಮೂಲಿಕೆ ಸಾಮಾನು ಮಾರುವ ಹಳೆಯ ಅಂಗಡಿಗಳಲ್ಲಿ ಸಮುದ್ರ ನೊರೆ ಎಂಬ ಬಿಳಿ, ಹಗುರ ತುಂಡು ಸಿಗುತ್ತದೆ. ಅದು ಕಟಲ್‌ಫಿಶ್ ಎಂಬ ಕಡಲಜೀವಿಯ ಒಳಚಿಪ್ಪು, ಬಹುಪಾಲು ಕ್ಯಾಲ್ಸಿಯಂ ಕಾರ್ಬೊನೇಟ್. ಹಿಂಬದಿಯ ಗಟ್ಟಿ ಪದರ ತೆಗೆದು, ಮೆತ್ತಗಿನ ಭಾಗದ ತುಂಡೊಂದನ್ನು ತೊಟ್ಟಿಯಲ್ಲಿ ತೇಲಿಬಿಟ್ಟರೆ ಮರಿ ಬೇಕಾದಾಗ ಕೆರೆದು ತಿನ್ನುತ್ತದೆ. ಚಾಕುವಿನಿಂದ ಕೆರೆದು ಆಹಾರದ ಮೇಲೆ ಉದುರಿಸಲೂಬಹುದು.

ದಿನದ ತಟ್ಟೆ

ಆಧಾರವಾಗಿರಬೇಕಾದದ್ದು ಒಳ್ಳೆಯ ಆಮೆ ಪೆಲೆಟ್, ಅಂದರೆ ಆಮೆಗೆಂದೇ ಮಾಡಿದ ಕಾಳಿನಂಥ ಸಿದ್ಧ ಆಹಾರ. ಮರಿಗೆ 30ರಿಂದ 40 ಪ್ರತಿಶತ ಪ್ರೋಟೀನ್ ಇರುವುದು, ಕ್ಯಾಲ್ಸಿಯಂ ಮತ್ತು ವಿಟಮಿನ್‌ಗಳ ವಿವರ ಡಬ್ಬಿಯ ಮೇಲೆ ಅಚ್ಚಾಗಿರುವುದು. ಒಣ ಸಿಗಡಿ ವಾರಕ್ಕೊಮ್ಮೆ ರುಚಿಗೆ ಸಾಕು. ಅದರ ವಾಸನೆಗೆ ಮರಿಗಳು ಬೇಗ ಚಟ ಹತ್ತಿಸಿಕೊಂಡು ಬೇರೆಯದನ್ನು ಮೂಸುವುದೂ ಇಲ್ಲ. ಸಂತೆಯಲ್ಲಿ ಸಿಗುವ ಉಪ್ಪು ಹಚ್ಚಿದ ಒಣಮೀನು, ಒಣ ಸಿಗಡಿ ಬೇಡವೇ ಬೇಡ.

ಪ್ರಮಾಣ: ಮರಿಯ ತಲೆ ಒಂದು ಟೊಳ್ಳು ಗೂಡು ಎಂದುಕೊಂಡರೆ ಅದರೊಳಗೆ ಹಿಡಿಸುವಷ್ಟು ಪೆಲೆಟ್. ದಿನಕ್ಕೊಮ್ಮೆ, ಬೆಳಿಗ್ಗೆ. 15-20 ನಿಮಿಷದಲ್ಲಿ ಉಳಿದದ್ದನ್ನು ತೆಗೆದುಬಿಡಿ. ಗಾಜಿನ ಹತ್ತಿರ ಬಂದು ಕೈಕಾಲು ಬಡಿದು ಮತ್ತೆ ಬೇಡುತ್ತದೆ, ಕರಗಬೇಡಿ. ಹೆಚ್ಚು ತಿಂದ ಮರಿಯ ಕಾಲಿನ ಬುಡದಲ್ಲಿ ಕೊಬ್ಬು ಉಬ್ಬಿ ಕಾಲು ಒಳಗೆಳೆದುಕೊಳ್ಳಲೂ ಆಗದ ಹಾಗಾಗುತ್ತದೆ. ವರ್ಷ ತುಂಬಿದ ಮೇಲೆ ಪೆಲೆಟ್ ದಿನ ಬಿಟ್ಟು ದಿನ ಸಾಕು.

ವಾರಕ್ಕೆರಡು ಸಲ ಎರೆಹುಳ ಕೊಡಬಹುದು. ಧಾರವಾಡದ ಸುತ್ತ ಎರೆಗೊಬ್ಬರದ ತೊಟ್ಟಿ ಇರುವ ರೈತರನ್ನು ಕೇಳಿದರೆ ಒಂದು ಹಿಡಿ ಕೊಟ್ಟೇ ಕೊಡುತ್ತಾರೆ. ಔಷಧ ಹೊಡೆದ ಹತ್ತಿ, ಮೆಣಸಿನಕಾಯಿ ಹೊಲದ ಹುಳ ಮಾತ್ರ ತರಬೇಡಿ. ತೊಳೆದು, ಮರಿಯ ಬಾಯಿಗೆ ಹಿಡಿಸುವಷ್ಟು ತುಂಡು ಮಾಡಿ ಹಾಕಿ. ಗೋಲ್ಡ್ ಫಿಶ್ ಅನ್ನು ಆಹಾರವಾಗಿ ಹಾಕುವವರಿದ್ದಾರೆ. ಅದರಲ್ಲಿ ಥಯಾಮಿನೇಸ್ ಎಂಬ ಕಿಣ್ವವಿದೆ, ವಿಟಮಿನ್ ಬಿ1 ಅನ್ನು ಒಡೆದುಹಾಕುತ್ತದೆ.

ಸೊಪ್ಪಿಗೆ ಬರೋಣ. ಇಲ್ಲಿ ನಮ್ಮ ಭಾಗದವರಿಗೆ ಭಾಗ್ಯವಿದೆ. ಪರದೇಶದ ಪುಸ್ತಕಗಳೆಲ್ಲ ಡ್ಯಾಂಡೆಲಿಯನ್ ಎಲೆ ಹಾಕಿ ಎನ್ನುತ್ತವೆ. ನಾವು ರೊಟ್ಟಿ ಜೊತೆ ಹಸಿಯಾಗಿ ತಿನ್ನುವ ಹಕ್ಕರಕಿ ಅದೇ ಕುಟುಂಬದ ಗಿಡ. ನುಗ್ಗೆ ಸೊಪ್ಪು ಕ್ಯಾಲ್ಸಿಯಂ ವಿಷಯದಲ್ಲಿ ಬಹಳ ಒಳ್ಳೆಯದು. ಆದರೆ ಪಾಲಕ, ರಾಜಗಿರಿ, ಪುಂಡಿಪಲ್ಲೆ ಬೇಡ. ಅವುಗಳಲ್ಲಿನ ಆಕ್ಸಲೇಟ್ ಕ್ಯಾಲ್ಸಿಯಂ ಅನ್ನು ಹಿಡಿದುಕೊಂಡು ಕರುಳಿನಿಂದ ಹಾಗೇ ಹೊರಗೆ ಹೋಗುತ್ತದೆ. ಪಟ್ಟಿಯಲ್ಲಿ ಪಾಲಕದ ಕ್ಯಾಲ್ಸಿಯಂ ಚೆನ್ನಾಗಿಯೇ ಕಾಣುತ್ತದೆ, ದೇಹಕ್ಕೆ ದಕ್ಕುವುದು ಕಡಿಮೆ. ಸೌತೆಕಾಯಿ ಬಹುಪಾಲು ನೀರು.

ದನಕರು, ಕೋಳಿಗೆಂದು ರೈತರು ಬೆಳೆಯುವ ಅಜೋಲ್ಲಾ ಸಿಕ್ಕರೆ ಬಿಡಬೇಡಿ. ಸಗಣಿ ನೀರಿನಲ್ಲಿ ಬೆಳೆದಿರುತ್ತದೆ, ಆದ್ದರಿಂದ ನಾಲ್ಕಾರು ಸಲ ತೊಳೆದು ಎರಡು ದಿನ ಶುದ್ಧ ನೀರಿನಲ್ಲಿಟ್ಟು ಹಾಕಿ. ನೀರಿನ ಮೇಲೆ ತೇಲುವ ಆ ಹಸಿರು ಚುಕ್ಕೆಗಳನ್ನು ಮರಿ ಮೂತಿ ಮೇಲೆತ್ತಿ ಒಂದೊಂದಾಗಿ ಕಚ್ಚುತ್ತದೆ. ಮೊದಮೊದಲು ಸೊಪ್ಪು ತಿನ್ನದಿದ್ದರೂ ದಿನಾ ಸ್ವಲ್ಪ ತೇಲಿಬಿಡುತ್ತಿರಿ. ರುಚಿ ಹತ್ತಲು ವಾರಗಟ್ಟಲೆ ಹಿಡಿಯುತ್ತದೆ.

ಊದಿದ ಕಣ್ಣಿನ ಹಿಂದೆ ವಿಟಮಿನ್ ಎ ಕೊರತೆ ಇರುವುದು ಸಾಮಾನ್ಯ. ಆ ವಿಟಮಿನ್ ಕಡಿಮೆಯಾದರೆ ಕಣ್ಣಿನ ಗ್ರಂಥಿಗಳ ಒಳಪದರ ದಪ್ಪಗಾಗಿ ನಾಳ ಕಟ್ಟಿಕೊಳ್ಳುತ್ತದೆ, ರೆಪ್ಪೆ ಊದುತ್ತದೆ. ಆಮೆ ಆಹಾರವನ್ನು ಹೆಚ್ಚಾಗಿ ಕಣ್ಣಿನಿಂದಲೇ ಹುಡುಕುವುದರಿಂದ ಕಾಣದ ಮರಿ ತಿನ್ನುವುದಿಲ್ಲ, ತಿನ್ನದ್ದಕ್ಕೆ ಕೊರತೆ ಇನ್ನೂ ಬೆಳೆಯುತ್ತದೆ. ತುರಿದ ಗಜ್ಜರಿ, ಕಡುಹಸಿರು ಸೊಪ್ಪು, ಒಳ್ಳೆಯ ಪೆಲೆಟ್ ಇದನ್ನು ಬರದಂತೆ ತಡೆಯುತ್ತವೆ. ಒಮ್ಮೆ ಊದಿದ ಮೇಲೆ ಪಶುವೈದ್ಯರೇ ನೋಡಬೇಕು. ವಿಟಮಿನ್ ಎ ಅತಿಯಾದರೂ ಚರ್ಮ ಸುಲಿಯುತ್ತದೆ, ಮನೆಯಲ್ಲಿ ಅಂದಾಜಿಗೆ ಹನಿ ಹಾಕುವುದು ಅಪಾಯ.

ಅಜ್ಜಿ ದಿನಾ ಕೇಳುತ್ತಿದ್ದಳು: “ಮೂಕ ಜೀವ, ಎರಡು ಅಗಳು ಅನ್ನ ಹಾಕಿದ್ರ ಏನಾಗ್ತೈತಿ?” ಅನ್ನ, ಚಪಾತಿ, ಬ್ರೆಡ್, ಚುರಮುರಿ, ಹಾಲು ಯಾವುದೂ ಅದರ ಆಹಾರವಲ್ಲ. ಹಾಲನ್ನು ಅರಗಿಸುವ ಶಕ್ತಿಯೇ ಸರೀಸೃಪಗಳಿಗಿಲ್ಲ. ಅಜ್ಜಿಗೆ ನುಗ್ಗೆ ಎಲೆ ಬಿಡಿಸಿ ಹಾಕುವ ಕೆಲಸ ಕೊಟ್ಟೆವು. ಈಗ ಅದು ಅವಳ ಬೆಳಗಿನ ಕೆಲಸ.

ಬಿಸಿಲು, ಬಿಸುಪು

ಕ್ಯಾಲ್ಸಿಯಂ ಕರುಳಿನಿಂದ ರಕ್ತಕ್ಕೆ ಹೋಗಲು ವಿಟಮಿನ್ ಡಿ3 ಬೇಕು. ಚರ್ಮದಲ್ಲಿ ಅದು ತಯಾರಾಗಲು 290ರಿಂದ 315 ನ್ಯಾನೊಮೀಟರ್ ಅಲೆಯುದ್ದದ ಯುವಿಬಿ ಕಿರಣ, ಅಂದರೆ ಬಿಸಿಲಿನಲ್ಲಿರುವ ಒಂದು ಬಗೆಯ ನೇರಳಾತೀತ ಕಿರಣ, ಬೇಕು. ಕಿಟಕಿಯ ಗಾಜು ಅದನ್ನು ತಡೆಯುತ್ತದೆ. ಕಿಟಕಿ ಪಕ್ಕ ಫಳಫಳ ಬಿಸಿಲಿನಲ್ಲಿಟ್ಟ ಗಾಜಿನ ತೊಟ್ಟಿಯ ಮರಿಗೆ ಸೆಕೆ ಸಿಗುತ್ತದೆ, ಡಿ3 ಸಿಗುವುದಿಲ್ಲ. ಬೇಸಿಗೆಯಲ್ಲಾದರೆ ಅದೇ ತೊಟ್ಟಿ ಬೆಂದುಹೋಗುತ್ತದೆ. ಬೆಳಗಿನ ಬಿಸಿಲಿನಲ್ಲಿ, ಅಗಲ ಪ್ಲಾಸ್ಟಿಕ್ ಬುಟ್ಟಿಯಲ್ಲಿ ಸ್ವಲ್ಪ ನೀರು, ಒಂದು ಚಪ್ಪಟೆ ಕಲ್ಲು, ಅರ್ಧಕ್ಕೆ ನೆರಳು ಮಾಡಿ 15-20 ನಿಮಿಷ ಹೊರಗಿಡಿ. ಪಕ್ಕದಲ್ಲೇ ಕೂತಿರಿ. ಕಾಗೆಗೆ ಒಂದು ಕ್ಷಣ ಸಾಕು.

ಹುಬ್ಬಳ್ಳಿ-ಧಾರವಾಡದ ಚಳಿ ಇನ್ನೊಂದು ಕಥೆ. ಆಮೆ ಶೀತರಕ್ತದ ಪ್ರಾಣಿ, ಅರಗಿಸುವ ಕಿಣ್ವಗಳು ನೀರಿನ ಬಿಸುಪಿನ ಮೇಲೆ ನಡೆಯುತ್ತವೆ. ಮರಿಗೆ ನೀರು 26ರಿಂದ 28 ಡಿಗ್ರಿ, ಹತ್ತಿ ಕೂರುವ ಒಣ ಜಾಗ 30ರ ಮೇಲೆ ಬೇಕು. ಕಾಕಾನ ಮನೆಯ ತೊಟ್ಟಿಯಲ್ಲಿ ಅವತ್ತು ಥರ್ಮಾಮೀಟರ್ ಇಳಿಬಿಟ್ಟರೆ 19 ತೋರಿಸಿತು. ಅಷ್ಟು ತಣ್ಣನೆ ನೀರಿನಲ್ಲಿ ಯಾವ ಊಟವೂ ಮೈಗೆ ಹತ್ತುವುದಿಲ್ಲ. ವೈದ್ಯರ ಔಷಧದ ಜೊತೆಗೇ ಮೊದಲು ತಂದದ್ದು ಅಕ್ವೇರಿಯಂ ಹೀಟರ್. ಮರಿ “ತಿನ್ನವಲ್ದು” ಎಂದಾಗ ಡಬ್ಬಿ ಬದಲಿಸುವ ಮುಂಚೆ ನೀರಿನ ಬಿಸುಪು ನೋಡಿ.

ಕೈ ತೊಳೆಯುವುದು ಮರೆಯಬೇಡಿ. ಆರೋಗ್ಯವಾಗಿ ಕಾಣುವ ಆಮೆಯ ಮೈಯಲ್ಲೂ ಸಾಲ್ಮೊನೆಲ್ಲಾ ಎಂಬ ಹೊಟ್ಟೆ ಕೆಡಿಸುವ ಬ್ಯಾಕ್ಟೀರಿಯಾ ಇರಬಹುದು. 4 ಇಂಚಿಗಿಂತ ಚಿಕ್ಕ ಆಮೆಗಳ ಮಾರಾಟವನ್ನು ಅಮೆರಿಕ 1975ರಲ್ಲಿ ನಿಷೇಧಿಸಿದ್ದು ಮಕ್ಕಳಿಗೆ ಇದು ತಗಲುತ್ತಿದ್ದರಿಂದಲೇ. ತೊಟ್ಟಿಯ ನೀರನ್ನು ಅಡುಗೆಮನೆಯ ಸಿಂಕಿಗೆ ಸುರಿಯಬೇಡಿ.

ಒಂದು ನೋಟ್‌ಬುಕ್ ಇಡಿ. ವಾರಕ್ಕೊಮ್ಮೆ ತೂಕ, ನೀರಿನ ಬಿಸುಪು, ಏನು ತಿಂತು, ಏನು ಬಿಟ್ಟಿತು. ನಮ್ಮ ಮರಿಯದು ಡಿಸೆಂಬರಿನಲ್ಲಿ 26 ಗ್ರಾಂ, ಮೂರು ವಾರ ಅಲ್ಲೇ ನಿಂತಿತ್ತು. ಕಣ್ಣು ತೆರೆದದ್ದು ನಾಲ್ಕನೇ ವಾರ. ಯುಗಾದಿ ಹೊತ್ತಿಗೆ 38. ಅವತ್ತಿನ ಪುಟದಲ್ಲಿ ಕಾಕಾನ ಮಗ ತನ್ನ ಅಕ್ಷರದಲ್ಲಿ ಬರೆದಿದ್ದಾನೆ: “ಚಿಪ್ಪು ಒತ್ತಿದೆ, ಬಾಗಲಿಲ್ಲ. ನುಗ್ಗೆ ಎಲಿ ಮೂರು ತಿಂತು.”