ಕಂಡವರು ಕಂಡಂತೆ ಲಿಂಕನ್

ಸೆಪ್ಟೆಂಬರ್ 5 ಹತ್ತಿರ ಬಂದಾಗಲೆಲ್ಲ ನಮ್ಮಲ್ಲಿ ಒಂದು ಪತ್ರ ತಪ್ಪದೆ ಓಡಾಡುತ್ತದೆ. ಅಬ್ರಹಾಂ ಲಿಂಕನ್ ತಮ್ಮ ಮಗನ ಹೆಡ್‌ಮಾಸ್ತರರಿಗೆ ಬರೆದದ್ದಂತೆ. ಎಲ್ಲ ಮನುಷ್ಯರೂ ನ್ಯಾಯವಂತರಲ್ಲ ಎಂದು ಅವನು ಕಲಿಯಲಿ, ಪುಕ್ಕಟೆ ಸಿಕ್ಕ ಐದು ಡಾಲರಿಗಿಂತ ದುಡಿದ ಒಂದು ಡಾಲರ್ ದೊಡ್ಡದೆಂದು ಕಲಿಸಿಕೊಡಿ, ಹೀಗೆ ಸಾಗುತ್ತದೆ. ಶಾಲೆಯ ಗೋಡೆಯ ಮೇಲೆ, ವಾಟ್ಸ್ಆ್ಯಪ್ ಗುಂಪಿನಲ್ಲಿ, ಬೀಳ್ಕೊಡುಗೆಯ ಭಾಷಣದಲ್ಲಿ ನೀವೂ ಓದಿರುತ್ತೀರಿ, ಕೇಳಿರುತ್ತೀರಿ. ಲಿಂಕನ್ ಬರೆದದ್ದನ್ನೂ ಆಡಿದ ಭಾಷಣಗಳನ್ನೂ ಸಿಕ್ಕಷ್ಟೂ ಹುಡುಕಿ, ರಾಯ್ ಬ್ಯಾಸ್ಲರ್ ಸಂಪಾದಕತ್ವದಲ್ಲಿ 1953ರಲ್ಲಿ ಎಂಟು ಸಂಪುಟ ಮಾಡಿದರು. ಅದರಲ್ಲಿ ಈ ಪತ್ರವಿಲ್ಲ. ಲಿಂಕನ್ ಕೈಬರಹದ ಮೂಲ ಪ್ರತಿಯನ್ನು ಯಾರೂ ತೋರಿಸಿಲ್ಲ.

ಪತ್ರದಲ್ಲಿರುವ ಮಾತು ಒಳ್ಳೆಯದೇ ತಾನೇ ಎಂದು ಬಿಟ್ಟುಬಿಡಬಹುದು. ಆದರೆ ಲಿಂಕನ್ ಹೆಸರಿನಲ್ಲಿ ಇಂಥವು ಇಷ್ಟೊಂದು ಹೇಗೆ ಹುಟ್ಟಿಕೊಂಡವು ಎಂದು ಕೇಳಿದರೆ ನೂರೈವತ್ತು ವರ್ಷ ಹಿಂದಕ್ಕೆ ಹೋಗಬೇಕಾಗುತ್ತದೆ.

ಆರು ಲಕ್ಷಕ್ಕೂ ಹೆಚ್ಚು ಜನ ಸತ್ತ ಅಂತರ್ಯುದ್ಧವನ್ನು ನಡೆಸಿದ ಈ ಅಧ್ಯಕ್ಷ ದಿನಚರಿ ಇಟ್ಟವರಲ್ಲ. ತಮ್ಮ ಬಗ್ಗೆ ತಾವೇ ಬರೆದದ್ದು ಚುನಾವಣೆಯ ಪ್ರಚಾರಕ್ಕೆಂದು ಕೇಳಿದಾಗ ಕೊಟ್ಟ ಕೆಲವೇ ಪುಟ. ಅವರ ಸೇನಾಪತಿ ಗ್ರಾಂಟ್ ಗಂಟಲಿನ ಕ್ಯಾನ್ಸರಿನಿಂದ ನರಳುತ್ತಲೇ 1885ರಲ್ಲಿ ತಮ್ಮ ನೆನಪುಗಳನ್ನು ಬರೆದು ಮುಗಿಸಿದರು. ಇನ್ನೊಬ್ಬ ಸೇನಾನಿ ಶರ್ಮನ್ ಅದಕ್ಕೂ ಹತ್ತು ವರ್ಷ ಮೊದಲೇ ಬರೆದಿದ್ದರು. ಲಿಂಕನ್‌ಗೆ ಆ ಅವಕಾಶ ಸಿಗಲಿಲ್ಲ. ಯುದ್ಧ ಮುಗಿಯುತ್ತಿದ್ದಾಗಲೇ, 1865ರ ಏಪ್ರಿಲ್ 14ರ ರಾತ್ರಿ, ವಾಷಿಂಗ್ಟನ್ನಿನ ಫೋರ್ಡ್ ಥಿಯೇಟರಿನಲ್ಲಿ ಗುಂಡೇಟು ಬಿತ್ತು. ಮರುದಿನ ಬೆಳಿಗ್ಗೆ 7 ಗಂಟೆ 22 ನಿಮಿಷಕ್ಕೆ ಎದುರು ಮನೆಯ ಹಿಂದಿನ ಕೋಣೆಯಲ್ಲಿ ಉಸಿರು ನಿಂತಿತು. ಆಗ ಅವರಿಗೆ 56 ವರ್ಷ.

ಆ ಕೋಣೆಯಲ್ಲಿ ಆಡಿದ ಒಂದು ಮಾತಿನಿಂದಲೇ ತಕರಾರು ಶುರು. ಯುದ್ಧ ಸಚಿವ ಸ್ಟಾಂಟನ್ ತುಂಬಿದ ಕಣ್ಣಿನಿಂದ, 'ಇನ್ನು ಇವರು ಯುಗಯುಗಗಳಿಗೆ ಸೇರಿದವರು' ಎಂದರಂತೆ. ಅಲ್ಲ, 'ದೇವದೂತರಿಗೆ ಸೇರಿದವರು' ಎಂದರು ಅನ್ನುವವರೂ ಇದ್ದಾರೆ. ಇಂಗ್ಲಿಷಿನಲ್ಲಿ ಈ ಎರಡೂ ಪದಗಳ ಉಚ್ಚಾರ ಹತ್ತಿರ ಹತ್ತಿರ. ಅಲ್ಲಿ ಶೀಘ್ರಲಿಪಿ ಬಲ್ಲ ಒಬ್ಬ ಯುವಕನೂ ಇದ್ದ: ಯುದ್ಧದಲ್ಲಿ ಎರಡೂ ಕಾಲು ಕಳೆದುಕೊಂಡಿದ್ದ ಜೇಮ್ಸ್ ಟ್ಯಾನರ್. ರಾತ್ರಿಯೆಲ್ಲ ಸಾಕ್ಷಿಗಳ ಹೇಳಿಕೆ ಬರೆದುಕೊಂಡಿದ್ದವನು ಅವನೇ. ಆದರೆ ಪಾದ್ರಿಯ ಕೊನೆಯ ಪ್ರಾರ್ಥನೆ ಬರೆದುಕೊಳ್ಳಲು ಜೇಬಿನಿಂದ ಪೆನ್ಸಿಲ್ ತೆಗೆಯುವಾಗ ಮೊನೆ ಮುರಿಯಿತು ಎಂದು ಆತನೇ ಆಮೇಲೆ ಹೇಳಿಕೊಂಡ. 'ಯುಗಯುಗ'ದ ಮಾತು ಜಗತ್ತಿಗೆ ಗಟ್ಟಿಯಾಗಿ ತಲುಪಿದ್ದು ಇಪ್ಪತ್ತೈದು ವರ್ಷದ ನಂತರ, 1890ರ ಒಂದು ಗ್ರಂಥದಲ್ಲಿ. ಆ ಗ್ರಂಥದ ಮಾತು ಮುಂದೆ ಬರುತ್ತದೆ.

ಸತ್ತ ಎಮ್ಮೆಗೆ ಹತ್ತು ಸೇರು ಹಾಲು ಎಂಬ ಗಾದೆ ಅಮೆರಿಕಕ್ಕೂ ಸಲ್ಲುತ್ತದೆ. ಬದುಕಿದ್ದಾಗ ಪತ್ರಿಕೆಗಳು ಕೋತಿ, ಕೋಡಂಗಿ ಎಂದು ಹೀಯಾಳಿಸಿದ್ದ ಮನುಷ್ಯ ಗುಡ್ ಫ್ರೈಡೇ ದಿನ ಗುಂಡಿಗೆ ಬಲಿಯಾಗಿ, ಮೂರನೆಯ ದಿನದ ಈಸ್ಟರ್ ಹೊತ್ತಿಗೆ ಚರ್ಚುಗಳಲ್ಲಿ ಸಂತನಾಗಿದ್ದ. ಜೋಸಯ್ಯಾ ಹಾಲೆಂಡ್ ಎಂಬ ಪತ್ರಕರ್ತ ಮರುವರ್ಷವೇ ಬರೆದ ಜೀವನಚರಿತ್ರೆ ಬಿಸಿ ದೋಸೆಯಂತೆ ಖರ್ಚಾಯಿತು. ಅದರಲ್ಲಿ ಲಿಂಕನ್ ಒಳಗೊಳಗೇ ಪರಮಭಕ್ತ ಕ್ರೈಸ್ತ. ಮಾಹಿತಿಗೆಂದು ಲಿಂಕನ್ ಅವರ ಊರು ಸ್ಪ್ರಿಂಗ್‌ಫೀಲ್ಡಿಗೆ ಬಂದಿದ್ದ ಹಾಲೆಂಡ್ ಅಲ್ಲಿನ ವಕೀಲ ವಿಲಿಯಂ ಹರ್ನ್‌ಡನ್ ಅವರನ್ನು ಲಿಂಕನ್ ಧರ್ಮದ ಬಗ್ಗೆ ಕೇಳಿದ್ದರು. ಆ ವಿಷಯ ಕಡಿಮೆ ಮಾತಾಡಿದಷ್ಟೂ ಒಳ್ಳೆಯದು ಎಂದರಂತೆ ಹರ್ನ್‌ಡನ್. ಅದನ್ನು ನಾನು ಸರಿಮಾಡಿಕೊಳ್ಳುತ್ತೇನೆ ಬಿಡಿ ಎಂದರಂತೆ ಹಾಲೆಂಡ್. ಹೀಗೆಂದು ಹೇಳುವವರು ಹರ್ನ್‌ಡನ್ ಒಬ್ಬರೇ.

ಈ ಹರ್ನ್‌ಡನ್ ಇಲ್ಲದಿದ್ದರೆ ಲಿಂಕನ್ ಅವರ ಮೊದಲರ್ಧ ಬದುಕು ನಮಗೆ ಬಹುಪಾಲು ಕತ್ತಲೆ. 1844ರಿಂದ ಇಬ್ಬರೂ ಸೇರಿ ವಕೀಲಿಕೆ ನಡೆಸಿದವರು. ಅಧ್ಯಕ್ಷರಾಗಿ ವಾಷಿಂಗ್ಟನ್ನಿಗೆ ಹೊರಟಾಗ, ಬೋರ್ಡು ಹಾಗೇ ಇರಲಿ, ಬದುಕಿದ್ದರೆ ವಾಪಸು ಬಂದು ಏನೂ ಆಗದಂತೆ ಮತ್ತೆ ಕೇಸು ನಡೆಸೋಣ ಎಂದು ಲಿಂಕನ್ ಹೇಳಿ ಹೋದರೆಂಬುದೂ ಹರ್ನ್‌ಡನ್ ಹೇಳಿದ್ದೇ. ಕೊಲೆಯಾದ ಕೆಲವೇ ವಾರಗಳಲ್ಲಿ ಅವರು ತಮ್ಮ ಪ್ರಾಕ್ಟೀಸನ್ನು ಬದಿಗಿಟ್ಟು ಕೆಂಟಕಿ, ಇಂಡಿಯಾನಾ, ಇಲಿನಾಯ್ ಕಡೆಯ ಹಳಬರಿಗೆ ಕಾಗದ ಬರೆಯತೊಡಗಿದರು, ಕುದುರೆ ಏರಿ ಮನೆಬಾಗಿಲಿಗೆ ಹೋದರು. 1865ರ ಸೆಪ್ಟೆಂಬರಿನಲ್ಲಿ ಲಿಂಕನ್ ಅವರ ಮಲತಾಯಿ, ಮುದಿ ಸಾರಾ ಬುಷ್ ಎದುರು ಕೂತು ಆಕೆಯ ಮಾತು ಬರೆದುಕೊಂಡರು. ತಾನು ಕಂಡ ಹುಡುಗರಲ್ಲೆಲ್ಲ ಏಬ್‌ನಂಥ ಒಳ್ಳೆಯವನಿಲ್ಲ, ಅವನು ಅಧ್ಯಕ್ಷನಾಗುವುದು ತನಗೆ ಬೇಕಿರಲಿಲ್ಲ ಎಂದಿದ್ದಾಳೆ ಆ ತಾಯಿ. ಒಟ್ಟು 250ಕ್ಕೂ ಹೆಚ್ಚು ಜನರ ಸಾಕ್ಷಿ. ಇದಕ್ಕೆ ಮೊದಲು ಅಮೆರಿಕದಲ್ಲಿ ಒಬ್ಬ ನಾಯಕನ ಬಾಲ್ಯಕ್ಕಾಗಿ ಯಾರೂ ಈ ಪಾಟಿ ಊರೂರು ತಿರುಗಿದ್ದು ನನಗೆ ಗೊತ್ತಿಲ್ಲ.

ತೊಂದರೆ ಏನೆಂದರೆ ಹರ್ನ್‌ಡನ್ ಬರೀ ಕೇಳಿಸಿಕೊಳ್ಳುವವರಲ್ಲ, ತೀರ್ಪನ್ನೂ ಕೊಡುವವರು. 1866ರ ನವೆಂಬರಿನಲ್ಲಿ ಸ್ಪ್ರಿಂಗ್‌ಫೀಲ್ಡಿನಲ್ಲೇ ಒಂದು ಉಪನ್ಯಾಸ ಕೊಟ್ಟು, ಲಿಂಕನ್ ಜನ್ಮದಲ್ಲಿ ಪ್ರೀತಿಸಿದ್ದು ಒಬ್ಬಳನ್ನೇ, ನ್ಯೂ ಸೇಲಂನ ಆ್ಯನ್ ರಟ್ಲೆಜ್ ಎಂಬ ಹುಡುಗಿಯನ್ನು, 1835ರಲ್ಲಿ ಅವಳು ಜ್ವರದಿಂದ ಸತ್ತಾಗ ಆತನ ಹೃದಯವೂ ಹೂತುಹೋಯಿತು ಎಂದುಬಿಟ್ಟರು. ವಿಧವೆ ಮೇರಿ ಲಿಂಕನ್ ಇನ್ನೂ ಬದುಕಿದ್ದರು! ಅವರಿಗೂ ಹರ್ನ್‌ಡನ್‌ಗೂ ಮೊದಲಿನಿಂದ ಎಣ್ಣೆ-ಸೀಗೆಕಾಯಿ. ಮೂವತ್ತು ವರ್ಷ ಹಳೆಯ ನೆನಪುಗಳನ್ನು ಹೆಣೆದು ಕಟ್ಟಿದ ಈ ಕಥೆಯಲ್ಲಿ ಹುಡುಗಿಯ ಪ್ರೀತಿ ಎಷ್ಟು, ಹೆಂಡತಿಯ ಮೇಲಿನ ದ್ವೇಷ ಎಷ್ಟು ಎಂದು ಬಿಡಿಸುವುದು ಕಷ್ಟ. ಪುಸ್ತಕ ಕೊನೆಗೂ 1889ರಲ್ಲಿ, ಜೆಸ್ಸಿ ವೈಕ್ ಎಂಬವರ ನೆರವಿನಿಂದ ಹೊರಬಂತು. ಎರಡು ವರ್ಷದಲ್ಲಿ ಹರ್ನ್‌ಡನ್ ಬಡತನದಲ್ಲೇ ತೀರಿಕೊಂಡರು.

ವಾಷಿಂಗ್ಟನ್ನಿನ ಕಡೆಯ ಕಥೆಯ ಯಜಮಾನರೇ ಬೇರೆ. ಲಿಂಕನ್ ಅವರ ಖಾಸಗಿ ಕಾರ್ಯದರ್ಶಿಗಳಾಗಿದ್ದ ಜಾನ್ ನಿಕೊಲೆ ಮತ್ತು ಜಾನ್ ಹೇ ಶ್ವೇತಭವನದಲ್ಲೇ ಮಲಗಿ ಏಳುತ್ತಿದ್ದ ಹುಡುಗರು. ಧಣಿಯ ಕಾಗದಪತ್ರಗಳೆಲ್ಲ ಮಗ ರಾಬರ್ಟ್ ಕೈಯಲ್ಲಿದ್ದವು. ರಾಬರ್ಟ್ ಅವನ್ನು ಇವರಿಬ್ಬರಿಗೆ ಮಾತ್ರ ಕೊಟ್ಟರು, ಹಸ್ತಪ್ರತಿ ತಾವು ಓದಿ ಒಪ್ಪಬೇಕೆಂಬ ಷರತ್ತಿನ ಮೇಲೆ. ರಾಬರ್ಟ್ ಪೆನ್ಸಿಲ್ ಅಲ್ಲಲ್ಲಿ ಆಡಿತು. ಸೆಂಚುರಿ ಪತ್ರಿಕೆ 1886ರಿಂದ ಧಾರಾವಾಹಿಯಾಗಿ ಹಾಕಲು 50,000 ಡಾಲರ್ ಕೊಟ್ಟಿತು. 1890ರಲ್ಲಿ ಹತ್ತು ಸಂಪುಟ ಬಂತು.

ಈ ಇಬ್ಬರು ಒಂದು ವಿಚಿತ್ರ ನಿರ್ಧಾರಕ್ಕೆ ಬಂದಿದ್ದರು. ಲಿಂಕನ್ ಜೊತೆ ತಮಗಿದ್ದ ಸಂಬಂಧ ಹೇಳುವಾಗ ಎಂಥ ಬುದ್ಧಿವಂತರ, ಮರ್ಯಾದಸ್ಥರ ನೆನಪನ್ನೂ ನಂಬುವಂತಿಲ್ಲ, ಕಾಗದವನ್ನಷ್ಟೇ ನಂಬಬೇಕು. 1870ರ ದಶಕದಲ್ಲಿ ನಿಕೊಲೆ ಹಲವರನ್ನು ಸಂದರ್ಶಿಸಿ ಬರೆದುಕೊಂಡದ್ದರಲ್ಲಿ ಬಹಳಷ್ಟು ಕಪಾಟಿನಲ್ಲೇ ಉಳಿಯಿತು. ಪುಸ್ತಕವಾಗಿ ಹೊರಬಂದದ್ದು 1996ರಲ್ಲಿ. ತತ್ವ ಸರಿ. ಆದರೆ ಹತ್ತು ಸಂಪುಟ ಓದುವಾಗ ಕಲ್ಲಿನ ವಿಗ್ರಹಕ್ಕೆ ಪ್ರದಕ್ಷಿಣೆ ಹಾಕಿದ ಹಾಗಾಗುತ್ತದೆ. ಅದೇ ಹೇ ಅವರ ದಿನಚರಿ ತೆಗೆಯಿರಿ. 1864ರ ಏಪ್ರಿಲ್ ಕೊನೆಯ ಒಂದು ರಾತ್ರಿ, ಹನ್ನೆರಡು ದಾಟಿದೆ. ಕೈಯಲ್ಲಿ ಥಾಮಸ್ ಹುಡ್ ಕವಿಯ ನಗೆಪುಸ್ತಕ ಹಿಡಿದು ನಗುತ್ತ ಕಾರ್ಯದರ್ಶಿಗಳ ಕೋಣೆಗೆ ಬರುತ್ತಾರೆ ಅಧ್ಯಕ್ಷರು. ಮೈಮೇಲೆ ಗಿಡ್ಡ ಅಂಗಿಯೊಂದೇ, ಅದು ಉದ್ದ ಕಾಲುಗಳ ಹಿಂದೆ ದೊಡ್ಡ ಉಷ್ಟ್ರಪಕ್ಷಿಯ ಬಾಲದ ಗರಿಗಳಂತೆ ಚಾಚಿಕೊಂಡಿದೆ. ಅದರ ಪರಿವೆಯೇ ಅವರಿಗಿಲ್ಲ. ಗ್ರಾಂಟ್ ಸೇನೆ ವರ್ಜೀನಿಯಾದ ಕಾಡಿಗೆ ನುಗ್ಗುವುದಕ್ಕೆ ಇನ್ನು ನಾಲ್ಕೇ ದಿನ. ಸಾವಿರಾರು ಜನರನ್ನು ಸಾವಿಗೆ ಕಳಿಸುವ ಹೊತ್ತಿನ ಆ ನಗು ಇಡೀ ಒಂದು ಸಂಪುಟಕ್ಕೆ ಸಮ ಎಂದು ನನಗನಿಸುತ್ತದೆ. ಅದೇ ದಿನ ಬರೆದಿಟ್ಟದ್ದರಿಂದ ನಂಬಿಕೆಗೂ ಅರ್ಹ.

ವಕೀಲರು, ಕಾರ್ಯದರ್ಶಿಗಳು, ಜನರಲ್‌ಗಳು ಬರೆದದ್ದಾಯಿತು. ಎಲಿಜಬೆತ್ ಕೆಕ್ಲಿ ಬರೆದಾಗ ಏನಾಯಿತು?

ಕೆಕ್ಲಿ ಗುಲಾಮಗಿರಿಯಲ್ಲಿ ಹುಟ್ಟಿದವರು. ಹೊಲಿಗೆಯ ಕೈಚಳಕದಿಂದಲೇ ಹೆಸರು ಮಾಡಿ, 1855ರಲ್ಲಿ 1,200 ಡಾಲರ್ ಕೊಟ್ಟು ತಮ್ಮನ್ನೂ ತಮ್ಮ ಮಗನನ್ನೂ ಬಿಡಿಸಿಕೊಂಡರು. ಬಿಡಿಸಿಕೊಂಡ ಆ ಮಗ ಯುದ್ಧದ ಮೊದಲ ವರ್ಷವೇ ರಣರಂಗದಲ್ಲಿ ಸತ್ತ. ವಾಷಿಂಗ್ಟನ್ನಿನಲ್ಲಿ ಮೊದಲು, ಮುಂದೆ ಯುದ್ಧದಲ್ಲಿ ಎದುರು ಪಾಳಯದ ಅಧ್ಯಕ್ಷರಾದ ಜೆಫರ್ಸನ್ ಡೇವಿಸ್ ಅವರ ಪತ್ನಿಗೆ, ಆಮೇಲೆ ಮೇರಿ ಲಿಂಕನ್‌ಗೆ ಉಡುಪು ಹೊಲಿದರು, ಮೇರಿಯ ಆಪ್ತರಾದರು. 1862ರ ಫೆಬ್ರವರಿಯಲ್ಲಿ ಹನ್ನೊಂದರ ಹುಡುಗ ವಿಲ್ಲಿ ಲಿಂಕನ್ ತೀರಿಕೊಂಡಾಗ ಮೈ ತೊಳೆದು ಬಟ್ಟೆ ಉಡಿಸಿದವರಲ್ಲಿ ಕೆಕ್ಲಿಯೂ ಒಬ್ಬರು. ಮಗನ ಮುಖದ ಮೇಲಿನ ಬಟ್ಟೆ ಸರಿಸಿ ನೋಡಿ, ಈ ಭೂಮಿಗೆ ಅವನು ತೀರಾ ಒಳ್ಳೆಯವನಾಗಿದ್ದ ಎಂದು ಲಿಂಕನ್ ಬಿಕ್ಕಿದ್ದನ್ನು ಮಂಚದ ಕಾಲ್ದೆಸೆಯಲ್ಲಿ ನಿಂತು ಕಂಡೆ ಎಂದು ಬರೆದಿದ್ದಾರೆ.

1868ರಲ್ಲಿ ಅವರ ನೆನಪಿನ ಪುಸ್ತಕ ಬಂತು. ಅದರ ಹಿಂದಿನ ವರ್ಷ ಸಾಲದ ಹೊರೆಯಲ್ಲಿದ್ದ ಮೇರಿ ನ್ಯೂಯಾರ್ಕಿನಲ್ಲಿ ತಮ್ಮ ಹಳೆಯ ಉಡುಪು ಮಾರಲು ಹೋಗಿ ಪತ್ರಿಕೆಗಳ ಬಾಯಿಗೆ ಬಿದ್ದಿದ್ದರು. ಆಕೆಯ ಮಾನ ಉಳಿಸಲು ಬರೆಯುತ್ತಿದ್ದೇನೆ ಎಂಬುದು ಕೆಕ್ಲಿಯ ಮಾತು. ಆದರೆ ಮೇರಿಯ ಖಾಸಗಿ ಪತ್ರಗಳೂ ಅನುಬಂಧದಲ್ಲಿ ಅಚ್ಚಾಗಿಬಿಟ್ಟಿದ್ದವು. ಮೇರಿ ಸಂಬಂಧ ಕಡಿದುಕೊಂಡರು. ಪತ್ರಿಕೆಗಳು, ಹೊಲಿಗೆಯವಳೊಬ್ಬಳು ಯಜಮಾನತಿಯ ಮನೆಮಾತು ಬೀದಿಗೆ ತಂದಳು ಎಂದು ಮುಗಿಬಿದ್ದವು. ಆಕೆಯ ಬಣ್ಣವನ್ನು ಹೀಯಾಳಿಸುವ ಅಣಕ ಪುಸ್ತಕವೂ ಹೊರಬಂತು. ಹರ್ನ್‌ಡನ್ ವಿಧವೆಯ ದಾಂಪತ್ಯವನ್ನೇ ಸಭೆಯಲ್ಲಿ ಎಳೆದಾಡಿ ವಕೀಲರಾಗಿಯೇ ಉಳಿದರು, ಕೆಕ್ಲಿಯ ಗಿರಾಕಿಗಳು ಕರಗಿಹೋದರು. 1907ರಲ್ಲಿ ಅವರು ಕೊನೆಯುಸಿರೆಳೆದದ್ದು ವಾಷಿಂಗ್ಟನ್ನಿನಲ್ಲಿ ನಿರ್ಗತಿಕ ಕಪ್ಪು ಹೆಂಗಸರು ಮಕ್ಕಳಿಗೆಂದು ಇದ್ದ ಆಶ್ರಯಮನೆಯಲ್ಲಿ.

ಅಲ್ಲಿಗೂ ಮುಗಿಯಲಿಲ್ಲ. 1935ರಲ್ಲಿ ಡೇವಿಡ್ ಬಾರ್ಬಿ ಎಂಬ ಪತ್ರಕರ್ತ, ಆ ಪುಸ್ತಕ ಬರೆದದ್ದು ಕೆಕ್ಲಿಯೇ ಅಲ್ಲ, ಒಬ್ಬ ಬಿಳಿಯ ಲೇಖಕಿ ಎಂದು ವಾದ ಹೂಡಿದರು. ಕೇಳಿ ಕೆರಳಿದವರು ಜಾನ್ ವಾಷಿಂಗ್ಟನ್, ಶಾಲಾ ಶಿಕ್ಷಕರೂ ಹಲ್ಲಿನ ವೈದ್ಯರೂ ಆಗಿದ್ದ ಕಪ್ಪು ಮನುಷ್ಯ. ಕೆಕ್ಲಿಯನ್ನು ಬಲ್ಲ ಮುದುಕರನ್ನು, ಲಿಂಕನ್ ಕಾಲದ ಶ್ವೇತಭವನದ ಅಡುಗೆಯವರ, ಕೆಲಸದವರ ಮನೆಮಂದಿಯನ್ನು ಹುಡುಕಿ ಮಾತಾಡಿಸಿ 1942ರಲ್ಲಿ ಪುಸ್ತಕ ಮಾಡಿದರು. ಹರ್ನ್‌ಡನ್ ಹಳ್ಳಿಗಳಲ್ಲಿ ಮಾಡಿದ್ದನ್ನೇ ಅವರು ರಾಜಧಾನಿಯ ಕಪ್ಪು ಜನರ ನಡುವೆ ಮಾಡಿದ್ದು. ಆ ಪುಸ್ತಕ ಬಹುಕಾಲ ಮರೆಯಾಗಿದ್ದು 2018ರಲ್ಲಿ ಮತ್ತೆ ಅಚ್ಚಾಯಿತು.

ಕಪ್ಪು ಜನರ ನೆನಪು ಬರೀ ಭಕ್ತಿಯದಾಗಿತ್ತು ಎಂದುಕೊಳ್ಳಬಾರದು. ಕೊಲೆಯ ಹನ್ನೊಂದನೆಯ ವರ್ಷದ ದಿನ, 1876ರಲ್ಲಿ, ಗುಲಾಮಗಿರಿಯಿಂದ ಬಿಡುಗಡೆಯಾದವರ ದುಡ್ಡಿನಿಂದ ಎದ್ದ ಪ್ರತಿಮೆಯ ಮುಂದೆ, ಅಧ್ಯಕ್ಷ ಗ್ರಾಂಟ್ ಎದುರಿಗೇ ನಿಂತು, ಗುಲಾಮಗಿರಿಯಿಂದ ತಪ್ಪಿಸಿಕೊಂಡು ಬಂದು ಕಪ್ಪು ಜನರ ನಾಯಕರಾಗಿದ್ದ ಫ್ರೆಡರಿಕ್ ಡಗ್ಲಸ್ ಹೇಳಿದರು: ಅವರು ಮುಖ್ಯವಾಗಿ ಬಿಳಿಯರ ಅಧ್ಯಕ್ಷ, ನೀವು ಲಿಂಕನ್ ಮಕ್ಕಳು, ನಾವು ಹೆಚ್ಚೆಂದರೆ ಮಲಮಕ್ಕಳು. ಅದೇ ಭಾಷಣದಲ್ಲೇ, ದೇಶದ ಆಗಿನ ಮನಃಸ್ಥಿತಿಗೆ ಹೋಲಿಸಿ ನೋಡಿದರೆ ಆತ ಚುರುಕಾಗಿ ನಡೆದವನು ಎಂದೂ ಸೇರಿಸಿದರು. ಉಳಿದವರ ನೂರು ಹೊಗಳಿಕೆಗಿಂತ ಈ ಅಳತೆ ಹೆಚ್ಚು ಬಾಳಿತು.

ಇಪ್ಪತ್ತನೆಯ ಶತಮಾನದ ಮೊದಲರ್ಧ ಆ್ಯನ್ ರಟ್ಲೆಜ್ ಕಥೆಯದು. ಕವಿ ಕಾರ್ಲ್ ಸ್ಯಾಂಡ್‌ಬರ್ಗ್ 1926ರ ತಮ್ಮ ಸಂಪುಟಗಳಲ್ಲಿ ಅದಕ್ಕೆ ರೆಕ್ಕೆ ಹಚ್ಚಿದರು. 1928ರ ಕೊನೆಯಲ್ಲಿ ಅಟ್ಲಾಂಟಿಕ್ ಪತ್ರಿಕೆ ಇನ್ನೂ ಮುಂದೆ ಹೋಗಿ, ಲಿಂಕನ್ ಮತ್ತು ಆ್ಯನ್ ಬರೆದುಕೊಂಡ ಪ್ರೇಮಪತ್ರಗಳೇ ಸಿಕ್ಕಿವೆ ಎಂದು ಅಚ್ಚು ಹಾಕಿತು. ಖೋಟಾ ಎಂದು ಬಯಲಾದ ಬಗೆ ಮಜವಾಗಿದೆ. ಲಿಂಕನ್ ಯೌವನದಲ್ಲಿ ಭೂಮಾಪನ ಮಾಡಿದವರು. ಅಲ್ಲಿನ ಸರ್ವೆಯಲ್ಲಿ ಒಂದು ಟೌನ್‌ಶಿಪ್ ಎಂದರೆ 36 ಸೆಕ್ಷನ್. ಆದರೆ ಪತ್ರದ ಲಿಂಕನ್ 40ನೇ ಸೆಕ್ಷನ್ ಬಗ್ಗೆ ಬರೆಯುತ್ತಾರೆ. ಇನ್ನೊಂದು ಪತ್ರದಲ್ಲಿ ಕನ್ಸಾಸ್ ಹೆಸರು ಬರುತ್ತದೆ. ಆ ಪ್ರಾಂತ್ಯ ರಚನೆಯಾದದ್ದು ಆ್ಯನ್ ಸತ್ತು ಹತ್ತೊಂಬತ್ತು ವರ್ಷದ ಮೇಲೆ.

ಇದರ ಕಹಿ ಉಳಿದಿದ್ದಾಗಲೇ ಇಲಿನಾಯ್ ವಿಶ್ವವಿದ್ಯಾಲಯದ ಜೇಮ್ಸ್ ರ‍್ಯಾಂಡಲ್ 1945ರಲ್ಲಿ ಹರ್ನ್‌ಡನ್ ಸಾಕ್ಷಿಗಳನ್ನೇ ಕಟಕಟೆಯಲ್ಲಿ ನಿಲ್ಲಿಸಿದರು. ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಅನ್ನುತ್ತೇವಲ್ಲ, ಆ ರೀತಿ. ಅವರ ಮಾತಿಗೆ ಕಟ್ಟುಬಿದ್ದು ಒಂದು ತಲೆಮಾರಿನ ಇತಿಹಾಸಕಾರರು ಆ್ಯನ್ ಕಥೆಯನ್ನೇ ಕೈಬಿಟ್ಟರು. ತೊಂಬತ್ತರ ದಶಕದಲ್ಲಿ ಗಾಳಿ ಮತ್ತೆ ತಿರುಗಿತು. ಹರ್ನ್‌ಡನ್ ಕಲೆಹಾಕಿದ ಮೂಲ ಹೇಳಿಕೆಗಳು 1998ರಲ್ಲಿ ಇಡಿಯಾಗಿ ಅಚ್ಚಾದಾಗ, ಹರ್ನ್‌ಡನ್ ಉತ್ಪ್ರೇಕ್ಷೆಯನ್ನು ಕಳೆದರೂ ಸಾಕ್ಷಿಗಳ ಮಾತಿನಲ್ಲಿ ಏನೋ ಉಳಿಯುತ್ತದೆ ಎಂದು ಓದಿದವರಿಗೆ ಅನಿಸಿತು. ಅದಕ್ಕೆ ಎರಡು ವರ್ಷ ಮೊದಲು ಡಾನ್ ಮತ್ತು ವರ್ಜೀನಿಯಾ ಫೆರೆನ್‌ಬಾಕರ್ ದಂಪತಿ, ಲಿಂಕನ್ ಹೀಗೆಂದರು ಎಂದು ಬೇರೆಯವರು ನೆನೆದ ಮಾತುಗಳನ್ನೆಲ್ಲ ಒಟ್ಟುಮಾಡಿ ಪರೀಕ್ಷೆಯ ಪೇಪರಿನಂತೆ 'ಎ'ಯಿಂದ 'ಇ'ವರೆಗೆ ಗ್ರೇಡ್ ಕೊಟ್ಟಿದ್ದರು. ಕೇಳಿದ ಕೆಲವೇ ದಿನದಲ್ಲಿ ಲಿಂಕನ್ ಮಾತಿನಲ್ಲೇ ಬರೆದಿಟ್ಟದ್ದಾದರೆ 'ಎ'. ವರ್ಷಗಟ್ಟಲೆ ಕಳೆದ ಮೇಲಿನ ನೆನಪಾದರೆ 'ಸಿ'. ಆಡಿರಲಾರರು ಎನಿಸಿದ್ದಕ್ಕೆ 'ಇ'.

ರಾಬರ್ಟ್ ಬಳಿಯಿದ್ದ ಕಾಗದಗಳ ಕಥೆ ಬಾಕಿ ಇದೆ. ಅವನ್ನು ಅವರು 1919ರಲ್ಲಿ ಲೈಬ್ರರಿ ಆಫ್ ಕಾಂಗ್ರೆಸ್‌ಗೆ ಕಳಿಸಿದರು, ತಾವು ಸತ್ತ 21 ವರ್ಷದವರೆಗೆ ಯಾರೂ ತೆರೆಯಕೂಡದು ಎಂದು ಆಮೇಲೆ ಕರಾರು ಬರೆದರು. 1926ರ ಜುಲೈ 26ರಂದು ತೀರಿಕೊಂಡರು. ಅಲ್ಲಿಂದ ಸರಿಯಾಗಿ 21 ವರ್ಷಕ್ಕೆ, ನಮಗೆ ಸ್ವಾತಂತ್ರ್ಯ ಬರಲು ಇಪ್ಪತ್ತು ದಿನ ಇರುವಾಗ, ನಡುರಾತ್ರಿ ದಾಟುತ್ತಿದ್ದಂತೆ ಲೈಬ್ರರಿಯ ಬೀಗ ತೆಗೆದರು. ಸ್ಯಾಂಡ್‌ಬರ್ಗ್, ರ‍್ಯಾಂಡಲ್ ಎಲ್ಲ ಕಾದು ನಿಂತಿದ್ದರು. ಸಚಿವ ಸಂಪುಟದವರೇ ಕೊಲೆ ಮಾಡಿಸಿದ ಪುರಾವೆ ಒಳಗಿದೆ ಎಂಬ ಗುಸುಗುಸು ವರ್ಷಗಳಿಂದ ಇತ್ತು. ಸುಮಾರು 18,000 ಕಾಗದಗಳಲ್ಲಿ ಅಂಥದ್ದೇನೂ ಸಿಗಲಿಲ್ಲ. ಕೆಲಸ ಕೊಡಿಸಿ, ಮಗನಿಗೆ ಕ್ಷಮೆ ಕೊಡಿ, ಸಲಹೆ ಕೇಳಿ ಎಂದು ಊರವರೆಲ್ಲ ಅಧ್ಯಕ್ಷರಿಗೆ ಬರೆದ ಪತ್ರಗಳೇ ರಾಶಿ.

ಆ ಕಾಗದಗಳು ಉಳಿದದ್ದೇ ತಮ್ಮಿಂದ ಎಂದು ಕೊಲಂಬಿಯಾ ವಿಶ್ವವಿದ್ಯಾಲಯದ ಅಧ್ಯಕ್ಷ ನಿಕೋಲಸ್ ಮರ‍್ರೆ ಬಟ್ಲರ್ ತಮ್ಮ ಆತ್ಮಕಥೆಯಲ್ಲಿ ಬರೆದುಕೊಂಡಿದ್ದಾರೆ. 1923ರಲ್ಲಿ ವರ್ಮಾಂಟಿನ ಮನೆಗೆ ಹೋದಾಗ ರಾಬರ್ಟ್ ಪೆಟ್ಟಿಗೆ ತುಂಬ ಪತ್ರಗಳನ್ನು ಬೆಂಕಿಗೆ ಹಾಕಲು ಕೂತಿದ್ದರಂತೆ, ಇವರು ಅಂಗಲಾಚಿ ತಡೆದರಂತೆ. ಪತ್ರಗಳು ಆ ಹೊತ್ತಿಗೆ ವಾಷಿಂಗ್ಟನ್ನಿನ ಲೈಬ್ರರಿ ಸೇರಿ ನಾಲ್ಕು ವರ್ಷವಾಗಿತ್ತು.